ಗಾಳ ಒಂದೇ, ಲೈಸೆನ್ಸ್ ಯಾವುದು? ಅಮೆರಿಕದಲ್ಲಿ ಹವ್ಯಾಸಕ್ಕೆ ಮೀನು ಹಿಡಿಯುವವರಿಗೆ ರಾಜ್ಯವಾರು ಹೋಲಿಕೆ

ಸ್ಯಾನ್ ಫ್ರಾನ್ಸಿಸ್ಕೊದ ದಕ್ಷಿಣಕ್ಕಿರುವ ಪೆಸಿಫಿಕಾ ಊರಿನ ಪಿಯರ್ (ಸಮುದ್ರದೊಳಕ್ಕೆ ಚಾಚಿದ ಕಟ್ಟೆ) ಮೇಲೆ ನಿಂತು ಸಮುದ್ರಕ್ಕೆ ಗಾಳ ಹಾಕಿದರೆ ಲೈಸೆನ್ಸ್ ಬೇಡ. ಅದೇ ಕೋಲು ಹಿಡಿದು ಪಿಯರ್ ಇಳಿದು, ನೂರು ಹೆಜ್ಜೆ ಆಚೆ ಮರಳಿನ ಮೇಲೆ ನಿಂತು ಅದೇ ಅಲೆಗೆ ಗಾಳ ಎಸೆದರೆ ಬೇಕು. ಮೀನು ಸಿಕ್ಕಿತೋ ಇಲ್ಲವೋ, ಸಿಕ್ಕಿದ್ದನ್ನು ವಾಪಸ್ ನೀರಿಗೆ ಬಿಟ್ಟಿರೋ ಇಲ್ಲವೋ ಎಂಬುದು ಲೆಕ್ಕಕ್ಕಿಲ್ಲ. ಎರೆ ಕಟ್ಟಿದ ಗಾಳ ನೀರಿಗೆ ಬಿತ್ತೆಂದರೆ ನೀವು ಮೀನು ಹಿಡಿಯುತ್ತಿದ್ದೀರಿ ಎಂದೇ ಅರ್ಥ.

ಅಮೆರಿಕಕ್ಕೆಲ್ಲ ನಡೆಯುವ ಒಂದೇ ಲೈಸೆನ್ಸ್ ಇಲ್ಲ. ಮೀನು ಆಯಾ ರಾಜ್ಯದ್ದು, ಕಾಯಿದೆಯೂ ಆಯಾ ರಾಜ್ಯದ್ದು. ಡ್ರೈವಿಂಗ್ ಲೈಸೆನ್ಸ್‌ನಂತೆ ಒಂದು ರಾಜ್ಯದ್ದು ಇನ್ನೊಂದರಲ್ಲಿ ನಡೆದೀತು ಎಂದುಕೊಂಡವರೇ ಹೆಚ್ಚಾಗಿ ದಂಡ ಕಟ್ಟುವುದು. ದಂಡಕ್ಕಿಂತ ದೊಡ್ಡ ತಲೆನೋವು ಇನ್ನೊಂದಿದೆ. ವನ್ಯಜೀವಿ ನಿಯಮ ಮುರಿದವರ ಬಗ್ಗೆ ರಾಜ್ಯಗಳ ನಡುವೆ ಒಂದು ಒಪ್ಪಂದವಿದೆ, ಬಹುತೇಕ ಎಲ್ಲ ರಾಜ್ಯಗಳೂ ಅದರಲ್ಲಿವೆ. ನೆವಾಡಾದಲ್ಲಿ ಬಿದ್ದ ಕೇಸನ್ನು ಹಾಗೇ ಬಿಟ್ಟು ಬಂದರೆ ಕ್ಯಾಲಿಫೋರ್ನಿಯಾದ ಲೈಸೆನ್ಸೂ ತಡೆಹಿಡಿಯಲ್ಪಡಬಹುದು.

ಕನ್ನಡಿಗರು ಹೆಚ್ಚು ನೆಲೆಸಿರುವ ಐದು ರಾಜ್ಯಗಳನ್ನು ಇಲ್ಲಿ ಪಕ್ಕಪಕ್ಕ ಇಟ್ಟು ನೋಡಿದ್ದೇವೆ: ಕ್ಯಾಲಿಫೋರ್ನಿಯಾ, ಟೆಕ್ಸಾಸ್, ನ್ಯೂಜೆರ್ಸಿ, ನ್ಯೂಯಾರ್ಕ್, ವಾಷಿಂಗ್ಟನ್. ಫ್ಲೋರಿಡಾ ಅಲ್ಲಲ್ಲಿ ಬರುತ್ತದೆ.

ಬೆಲೆ ನೋಡುವ ಮೊದಲು

ಎಲ್ಲರೂ ಮೊದಲು ಬೆಲೆಪಟ್ಟಿ ತೆರೆಯುತ್ತಾರೆ. ಅದು ಕೊನೆಗೆ ನೋಡಬೇಕಾದ್ದು. ರಾಜ್ಯದ ಕಣ್ಣಿನಲ್ಲಿ ನೀವು ‘ನಿವಾಸಿ’ಯೋ ಅಲ್ಲವೋ ಎಂಬುದು ಮೊದಲು ತೀರ್ಮಾನವಾಗಬೇಕು, ಏಕೆಂದರೆ ಆ ಒಂದು ಉತ್ತರದ ಮೇಲೆ ಬೆಲೆ ಒಂದೂವರೆ ಪಟ್ಟು, ಕೆಲವೆಡೆ ಎರಡು ಪಟ್ಟಿಗಿಂತಲೂ ಹೆಚ್ಚು ಏರುತ್ತದೆ. ಕ್ಯಾಲಿಫೋರ್ನಿಯಾದಲ್ಲಿ 2024ರಲ್ಲಿ ವರ್ಷದ ಲೈಸೆನ್ಸ್ ನಿವಾಸಿಗೆ 61.82 ಡಾಲರ್, ಹೊರಗಿನವರಿಗೆ 166.89 ಡಾಲರ್ ಇತ್ತು.

ನಿವಾಸಿ ಎಂಬುದಕ್ಕೂ ವೀಸಾಕ್ಕೂ ಸಂಬಂಧವಿಲ್ಲ. ಎಚ್-1ಬಿ ಇರಲಿ, ಗ್ರೀನ್ ಕಾರ್ಡ್ ಇರಲಿ, ಆ ರಾಜ್ಯದಲ್ಲಿ ನೆಲೆಸಿ ಎಷ್ಟು ದಿನದಿಂದ ಸತತವಾಗಿ ವಾಸವಿದ್ದೀರಿ ಎಂಬುದೇ ಪ್ರಶ್ನೆ. ಹೊಸ ರಾಜ್ಯದ ಡ್ರೈವಿಂಗ್ ಲೈಸೆನ್ಸ್ ಕೈಗೆ ಬಂದ ಕೂಡಲೇ ನಿವಾಸಿಯಾದೆ ಎಂದು ಟಿಕ್ ಹಾಕುವುದು ಸಾಮಾನ್ಯವಾಗಿ ಆಗುವ ತಪ್ಪು. ನ್ಯೂಜೆರ್ಸಿಯ ಎಡಿಸನ್‌ನಿಂದ ಮಾರ್ಚ್‌ನಲ್ಲಿ ಕ್ಯಾಲಿಫೋರ್ನಿಯಾದ ಫ್ರೀಮಾಂಟ್‌ಗೆ ಬಂದವರ ಕೈಯಲ್ಲಿ ಏಪ್ರಿಲ್‌ಗೇ ಕ್ಯಾಲಿಫೋರ್ನಿಯಾದ ಕಾರ್ಡ್ ಇರಬಹುದು, ಆದರೆ ಮೀನುಗಾರಿಕೆಯ ಲೆಕ್ಕದಲ್ಲಿ ಅವರು ಸೆಪ್ಟೆಂಬರ್‌ವರೆಗೆ ಹೊರಗಿನವರೇ. ಸುಳ್ಳು ಘೋಷಣೆ ಮಾಡಿ ಪಡೆದ ಲೈಸೆನ್ಸ್ ಇದ್ದೂ ಇಲ್ಲದಂತೆ, ಜೊತೆಗೆ ಅದೇ ಒಂದು ಪ್ರತ್ಯೇಕ ಅಪರಾಧ.

| ರಾಜ್ಯ | ಯಾವ ವಯಸ್ಸಿನಿಂದ ಬೇಕು | ನಿವಾಸಿಯಾಗಲು | ವರ್ಷದ ಲೈಸೆನ್ಸ್ ಎಲ್ಲಿಯವರೆಗೆ |
|---|---|---|---|
| ಕ್ಯಾಲಿಫೋರ್ನಿಯಾ | 16 | 6 ತಿಂಗಳು | ಕೊಂಡ ದಿನದಿಂದ 365 ದಿನ |
| ಟೆಕ್ಸಾಸ್ | 17 | 6 ತಿಂಗಳು | ಆಗಸ್ಟ್ 31 |
| ನ್ಯೂಜೆರ್ಸಿ | 16 | 6 ತಿಂಗಳು | ಡಿಸೆಂಬರ್ 31 |
| ನ್ಯೂಯಾರ್ಕ್ | 16 | 30 ದಿನ | ಕೊಂಡ ದಿನದಿಂದ 365 ದಿನ |
| ವಾಷಿಂಗ್ಟನ್ | 15 | 90 ದಿನ | ಮಾರ್ಚ್ 31 |

ವಯಸ್ಸಿನ ಕಾಲಂ ಬಗ್ಗೆ ಒಂದು ಮಾತು. ಹತ್ತು ವರ್ಷದ ಮಗನಿಗೆ ಲೈಸೆನ್ಸ್ ಬೇಡ, ಸರಿ. ಆದರೆ ಮೀನು ಜಗ್ಗಿದ ಕೂಡಲೇ ಅಪ್ಪ ಕೋಲು ಕಸಿದುಕೊಂಡು ರೀಲ್ ಸುತ್ತಿದರೆ ಆ ಕ್ಷಣಕ್ಕೆ ಮೀನು ಹಿಡಿಯುತ್ತಿರುವವನು ಅಪ್ಪ. ಮಗುವಿನ ಹೆಸರಲ್ಲಿ ಮೂರು ಕೋಲು ನೆಟ್ಟು ತಾವು ಕುರ್ಚಿ ಹಾಕಿ ಕೂರುವ ಉಪಾಯ, ಮೀನುಗಾರಿಕೆಯ ನಿಯಮ ಜಾರಿ ಮಾಡುವ ವಾರ್ಡನ್‌ಗಳಿಗೆ ಹಳೆಯದು.

ಒಂದು ದಿನದ್ದೋ, ವರ್ಷದ್ದೋ

ಕ್ಯಾಲಿಫೋರ್ನಿಯಾದ ಲೆಕ್ಕ ಈಗ ಸುಲಭ. 2022ರ ತನಕ ಅಲ್ಲಿ ಲೈಸೆನ್ಸ್ ಯಾವಾಗ ಕೊಂಡರೂ ಡಿಸೆಂಬರ್ 31ಕ್ಕೆ ಮುಗಿಯುತ್ತಿತ್ತು. 2023ರಿಂದ ಕೊಂಡ ದಿನದಿಂದ 365 ದಿನ ನಡೆಯುತ್ತದೆ, ಹಾಗಾಗಿ ತಿಂಗಳು ನೋಡಿ ಕೊಳ್ಳುವ ಪಂಚಾಯ್ತಿ ಇಲ್ಲ. ಒಂದು ದಿನದ್ದಕ್ಕೆ ಸುಮಾರು 20 ಡಾಲರ್. ಮೂರು ಸಲ ಹೋದರೆ ವರ್ಷದ್ದರ ಬೆಲೆ ಹತ್ತಿರಕ್ಕೆ ಬಂದಿರುತ್ತದೆ, ನಾಲ್ಕನೇ ಸಲಕ್ಕೆ ದಾಟಿರುತ್ತದೆ. ವರ್ಷಕ್ಕೆ ನಾಲ್ಕು ಸಲ ಹೋಗುವುದು ಗ್ಯಾರಂಟಿ ಇದ್ದವರು ಮಾತ್ರ ವರ್ಷದ್ದು ಕೊಳ್ಳಿ. ಬೇಸಿಗೆಯ ಉತ್ಸಾಹದಲ್ಲಿ ಕೊಂಡು ಎರಡು ಸಲ ಹೋಗಿ ಕೋಲನ್ನು ಗ್ಯಾರೇಜಿಗೆ ಸೇರಿಸುವವರೇ ಜಾಸ್ತಿ. ಅವರಿಗೆ ದಿನದ ಚೀಟಿಯೇ ಲಾಭ. ಅಲ್ಲಿ ಒಂದು ದಿನದ ಬೆಲೆ ನಿವಾಸಿಗೂ ಹೊರಗಿನವರಿಗೂ ಒಂದೇ. ಹೊಸದಾಗಿ ಬಂದು ಆರು ತಿಂಗಳು ತುಂಬದವರು ವರ್ಷದ್ದಕ್ಕೆ 160ಕ್ಕೂ ಹೆಚ್ಚು ಡಾಲರ್ ಸುರಿಯುವ ಬದಲು ಪಿಯರ್‌ಗಳಲ್ಲಿ ಕಾಲ ಕಳೆದು, ಬೇಕಾದಾಗ ದಿನದ್ದು ಕೊಳ್ಳುವುದು ಒಳ್ಳೆಯದು. ಬೆಲೆ ಹಣದುಬ್ಬರದ ಜೊತೆ ವರ್ಷವರ್ಷವೂ ಸ್ವಲ್ಪ ಏರುತ್ತದೆ, ಕೊಳ್ಳುವ ದಿನ ಇಲಾಖೆಯ ಪಟ್ಟಿ ನೋಡಿ.

ಟೆಕ್ಸಾಸ್‌ನಲ್ಲಿ ತಿಂಗಳು ನೋಡಲೇಬೇಕು. ಅಲ್ಲಿನ ಲೈಸೆನ್ಸ್ ವರ್ಷ ಸೆಪ್ಟೆಂಬರ್ 1ಕ್ಕೆ ಶುರು, ಆಗಸ್ಟ್ 31ಕ್ಕೆ ಮುಕ್ತಾಯ. ಹೊಸ ವರ್ಷದ್ದು ಆಗಸ್ಟ್ 15ರ ಸುಮಾರಿಗೆ ಮಾರಾಟಕ್ಕೆ ಬರುತ್ತದೆ. ನಿವಾಸಿಗೆ ಸಿಹಿನೀರಿನ ಪ್ಯಾಕೇಜ್ 30 ಡಾಲರ್, ಉಪ್ಪುನೀರಿನದು 35, ಎರಡೂ ಸೇರಿ 40. ಕೊಂಡ ದಿನದಿಂದ ಒಂದು ವರ್ಷ ನಡೆಯುವ ‘ಯಿಯರ್ ಫ್ರಮ್ ಪರ್ಚೇಸ್’ ಎಂಬುದೂ ಇದೆ. ಅದಕ್ಕೆ 47, ಎಲ್ಲ ನೀರಿಗೂ ಸಲ್ಲುತ್ತದೆ. ದಿನದ್ದಕ್ಕೆ ನಿವಾಸಿಗೆ 11, ಹೊರಗಿನವರಿಗೆ 16.

ಈಗ ಲೆಕ್ಕ ಹಾಕಿ. ಸೆಪ್ಟೆಂಬರ್‌ನಲ್ಲಿ ಕೊಳ್ಳುವವರಿಗೆ 30 ಅಥವಾ 40ರದ್ದೇ ಸರಿ, ಹನ್ನೆರಡು ತಿಂಗಳು ಪೂರ್ತಿ ಸಿಗುತ್ತದೆ. ಮಾರ್ಚ್ ತಿಂಗಳ ಬೆಚ್ಚನೆ ಗಾಳಿಗೆ ಹುರುಪು ಬಂದು ಕೊಳ್ಳುವವರು 47ರದ್ದನ್ನು ತೆಗೆದುಕೊಳ್ಳಬೇಕು, ಇಲ್ಲವಾದರೆ ಆರೇ ತಿಂಗಳಿಗೆ ಪೂರ್ತಿ ಬೆಲೆ ತೆತ್ತಂತೆ. ಜುಲೈನಲ್ಲಿ 30 ಕೊಟ್ಟು ಆರು ವಾರದ ಲೈಸೆನ್ಸ್ ಕೊಳ್ಳುವುದು ಶುದ್ಧ ನಷ್ಟ. ಅದರ ಬದಲು 11ರ ದಿನದ ಚೀಟಿ ಎರಡು ಕೊಂಡು ಸೆಪ್ಟೆಂಬರ್‌ಗೆ ಕಾಯಬಹುದು. ಡಲ್ಲಾಸ್ ಕಡೆಯವರಿಗೆ ಸಮುದ್ರ ದೂರ, 30ರದ್ದು ಸಾಕು. ಹ್ಯೂಸ್ಟನ್‌ನವರು ಇಂದಲ್ಲ ನಾಳೆ ಗ್ಯಾಲ್ವೆಸ್ಟನ್‌ಗೆ ಹೋಗಿಯೇ ಹೋಗುತ್ತಾರೆ, ಹತ್ತು ಡಾಲರ್ ಉಳಿಸಲು ಹೋಗಬೇಡಿ.

ನ್ಯೂಜೆರ್ಸಿಯ ಸಿಹಿನೀರಿನ ಲೈಸೆನ್ಸ್ ನಿವಾಸಿಗೆ 22.50 ಡಾಲರ್, ಹೊರಗಿನವರಿಗೆ 34. ಡಿಸೆಂಬರ್ 31ಕ್ಕೆ ಮುಗಿಯುವುದರಿಂದ ಅಕ್ಟೋಬರ್ ನಂತರ ಕೊಳ್ಳುವುದರಲ್ಲಿ ಅರ್ಥವಿಲ್ಲ. ವಾಷಿಂಗ್ಟನ್‌ನದು ಮಾರ್ಚ್ 31ಕ್ಕೆ ಮುಗಿಯುತ್ತದೆ. ಅಲ್ಲಿ 2025ರ ಜುಲೈ 1ರಿಂದ ದರ ಶೇ 38ರಷ್ಟು ಏರಿದೆ, ಹಳೆಯ ಬೆಲೆ ನೋಡಿ ಲೆಕ್ಕ ಹಾಕಬೇಡಿ.

ಸಿಹಿನೀರು, ಉಪ್ಪುನೀರು

ಪೂರ್ವ ಕರಾವಳಿಯವರಿಗೆ ಇಲ್ಲಿ ನಿಜವಾದ ಲಾಭವಿದೆ. ನ್ಯೂಜೆರ್ಸಿ, ನ್ಯೂಯಾರ್ಕ್ ಎರಡರಲ್ಲೂ ಸಮುದ್ರದ ಮೀನಿಗೆ ದುಡ್ಡು ಕೊಟ್ಟು ಲೈಸೆನ್ಸ್ ಕೊಳ್ಳಬೇಕಿಲ್ಲ. ಆದರೆ ಹೆಸರು ನೋಂದಾಯಿಸಬೇಕು, ಅದು ಪುಕ್ಕಟೆ. ಸಮುದ್ರದಲ್ಲಿ ಗಾಳ ಹಾಕುವವರು ಎಷ್ಟು ಮಂದಿ ಎಂಬ ಲೆಕ್ಕ ಕೇಂದ್ರ ಸರ್ಕಾರಕ್ಕೆ ಬೇಕಿತ್ತು, ರಾಜ್ಯವೇ ಪಟ್ಟಿ ಇಟ್ಟರೆ ಕೇಂದ್ರದ ನೋಂದಣಿಯಿಂದ ವಿನಾಯಿತಿ ಎಂದಾಯಿತು, ಹಾಗೆ ಹುಟ್ಟಿದ ವ್ಯವಸ್ಥೆ ಇದು. ಪುಕ್ಕಟೆ ಎಂಬ ಕಾರಣಕ್ಕೇ ಜನ ಮರೆಯುತ್ತಾರೆ. ವರ್ಷವೂ ನವೀಕರಿಸಬೇಕು, ಚೀಟಿ ಜೊತೆಗಿರಬೇಕು. ನೋಂದಣಿ ಇರುವ ಬಾಡಿಗೆ ದೋಣಿಯಲ್ಲಿ ಹೋಗುವವರಿಗೆ ಇದೂ ಬೇಡ.

ಬಾಡಿಗೆ ದೋಣಿಯ ವಿಷಯದಲ್ಲಿ ರಾಜ್ಯಗಳು ಬೇರೆಬೇರೆ ದಾರಿ ಹಿಡಿದಿವೆ. ಫ್ಲೋರಿಡಾದಲ್ಲಿ ಚಾರ್ಟರ್ ದೋಣಿಯ ಲೈಸೆನ್ಸ್ ಅದರಲ್ಲಿರುವ ಪ್ರವಾಸಿಗಳಿಗೂ ಸಲ್ಲುತ್ತದೆ. ಕ್ಯಾಲಿಫೋರ್ನಿಯಾ, ಟೆಕ್ಸಾಸ್‌ಗಳಲ್ಲಿ ದೋಣಿಯವನ ಕಾಗದ ದೋಣಿಯವನದ್ದು, ನಿಮ್ಮದು ನೀವೇ ತರಬೇಕು. ಫ್ಲೋರಿಡಾದಲ್ಲಿ ಇನ್ನೊಂದು ಅನುಕೂಲ: ದಡದ ಮೇಲೆ ನಿಂತು ಸಮುದ್ರಕ್ಕೆ ಗಾಳ ಹಾಕುವ ಅಲ್ಲಿನ ನಿವಾಸಿಗೆ ‘ಶೋರ್‌ಲೈನ್’ ಲೈಸೆನ್ಸ್ ಉಚಿತ. ದೋಣಿಗೆ ಕಾಲಿಟ್ಟರೆ ಅದು ಸಾಲದು.

ಕ್ಯಾಲಿಫೋರ್ನಿಯಾದ ಪಿಯರ್ ವಿನಾಯಿತಿಯನ್ನು ಸ್ವಲ್ಪ ಬಿಡಿಸಿ ಹೇಳಬೇಕು, ಜನ ಎಡವುವುದು ಇಲ್ಲೇ. ಸಾರ್ವಜನಿಕ ಪಿಯರ್ ಎಂದರೆ ಸರ್ಕಾರಿ ಒಡೆತನದ, ದಡಕ್ಕೆ ಅಂಟಿಕೊಂಡ, ಎಲ್ಲರಿಗೂ ಉಚಿತ ಪ್ರವೇಶವಿರುವ, ಸಮುದ್ರದಲ್ಲಿ ಮೀನು ಹಿಡಿಯಲೆಂದೇ ಬಳಕೆಯಲ್ಲಿರುವ ಕಟ್ಟೆ. ಬಂದರಿನ ಅತ್ಯಂತ ಹೊರಗಿನ, ಅಲೆ ತಡೆಯುವ ಕಲ್ಲಿನ ಗೋಡೆಯೂ ದಡಕ್ಕೆ ಸೇರಿಕೊಂಡಿದ್ದು ಸಾರ್ವಜನಿಕವಾಗಿದ್ದರೆ ಈ ಲೆಕ್ಕಕ್ಕೆ ಬರುತ್ತದೆ. ಬಂದರಿನ ಒಳಗಿನ ಗೋಡೆ, ದೋಣಿ ಕಟ್ಟುವ ಡಾಕ್, ವಾಕಿಂಗ್ ಹಾದಿಯ ಅಂಚು, ಇವ್ಯಾವುವೂ ಪಿಯರ್ ಅಲ್ಲ. ಕೆರೆ, ಜಲಾಶಯದ ಕಟ್ಟೆಗಳಿಗಂತೂ ಈ ವಿನಾಯಿತಿ ಇಲ್ಲವೇ ಇಲ್ಲ. ಪಿಯರ್ ಮೇಲೆ ಒಬ್ಬರಿಗೆ ಎರಡು ಕೋಲು, ಅಥವಾ ಏಡಿಗಾದರೆ ಎರಡು ಬಲೆ. ಮೀನಿನ ಅಳತೆ, ಸಂಖ್ಯೆ, ಸೀಸನ್ ನಿಯಮಗಳು ಅಲ್ಲೂ ಪೂರ್ತಿ ಅನ್ವಯ. ಬಿರುಗಾಳಿಗೆ ಜಖಂಗೊಂಡು ಪಿಯರ್‌ಗಳನ್ನು ಮುಚ್ಚುವುದುಂಟು, ಹೊರಡುವ ಮೊದಲು ತೆರೆದಿದೆಯೇ ನೋಡಿಕೊಳ್ಳಿ.

ಟೆಕ್ಸಾಸ್‌ನಲ್ಲಿ ಇದಕ್ಕೆ ಸಾಟಿಯಾದ ಸೌಲಭ್ಯ ಸ್ಟೇಟ್ ಪಾರ್ಕುಗಳದ್ದು. ಪಾರ್ಕಿನೊಳಗೆ ದಡದಿಂದಲೋ ಪಿಯರ್‌ನಿಂದಲೋ ಗಾಳ ಹಾಕಲು ಲೈಸೆನ್ಸ್ ಬೇಡ, ಪಾರ್ಕಿನ ಪ್ರವೇಶ ಶುಲ್ಕ ಮಾತ್ರ. ಹ್ಯೂಸ್ಟನ್ ಹತ್ತಿರದ ಬ್ರಾಜೋಸ್ ಬೆಂಡ್, ಡಲ್ಲಾಸ್ ಹತ್ತಿರದ ಸೀಡರ್ ಹಿಲ್ ಎರಡಕ್ಕೂ ಇದು ಸಲ್ಲುತ್ತದೆ. ಬ್ರಾಜೋಸ್ ಬೆಂಡ್‌ನಲ್ಲಿ ಮೊಸಳೆಗಳ ಜಾತಿಯ ಅಲಿಗೇಟರ್‌ಗಳಿವೆ. ಹಿಡಿದ ಮೀನನ್ನು ದಾರಕ್ಕೆ ಪೋಣಿಸಿ ನೀರಲ್ಲಿ ಇಳಿಬಿಡುವ ಅಭ್ಯಾಸ ಅಲ್ಲಿ ಬೇಡ.

ಊರಿಂದ ಬಂದ ಅಪ್ಪ ಅಮ್ಮ

ಕುಂದಾಪುರದಿಂದಲೋ ಕಾರವಾರದಿಂದಲೋ ಆರು ತಿಂಗಳಿಗೆ ಬಂದ ಅಪ್ಪನಿಗೆ ಗಾಳ ಕೊಟ್ಟು ಕೂರಿಸುವುದಕ್ಕಿಂತ ಒಳ್ಳೆಯ ಕಾಲಕ್ಷೇಪ ಇಲ್ಲ. ಆದರೆ ಹಿರಿಯರಿಗೆ ಇರುವ ರಿಯಾಯಿತಿಗಳೆಲ್ಲ ಹೆಚ್ಚುಕಡಿಮೆ ನಿವಾಸಿಗಳಿಗೆ ಮಾತ್ರ. ನ್ಯೂಜೆರ್ಸಿಯಲ್ಲಿ 70 ದಾಟಿದ ನಿವಾಸಿಗೆ ಲೈಸೆನ್ಸ್ ಬೇಡ ಎಂದು ಓದಿ ಎಪ್ಪತ್ತೆರಡರ ಅಪ್ಪನ ಕೈಗೆ ಕೋಲು ಕೊಟ್ಟರೆ ತಪ್ಪಾಗುತ್ತದೆ. ವಿಸಿಟರ್ ವೀಸಾದವರು ನೆಲೆಸಲು ಬಂದವರಲ್ಲ, ಹಾಗಾಗಿ ಹೊರಗಿನವರು.

ಹಾಗಾದರೆ ಯಾವುದು ಅಗ್ಗ? ನ್ಯೂಜೆರ್ಸಿಯ ಸಮುದ್ರ ತೀರ ಎಲ್ಲಕ್ಕಿಂತ ಅಗ್ಗ, ನೋಂದಣಿ ಮಾಡಿಸಿದರೆ ಮುಗಿಯಿತು. ಕೆರೆ, ಹೊಳೆಗಾದರೆ ಹೊರಗಿನವರಿಗೆ ಎರಡು ದಿನದ್ದು 9 ಡಾಲರ್, ಏಳು ದಿನದ್ದು 19.50. ಟೆಕ್ಸಾಸ್‌ನಲ್ಲಿ ಸ್ಟೇಟ್ ಪಾರ್ಕು, ಇಲ್ಲವೇ ದಿನಕ್ಕೆ 16. ಕ್ಯಾಲಿಫೋರ್ನಿಯಾದಲ್ಲಿ ಪಿಯರ್. ಅಲ್ಲಿ ಸಿಗುವ ಪೆಸಿಫಿಕ್ ಮ್ಯಾಕರೆಲ್ ನಮ್ಮ ಬಂಗುಡೆಯ ದಾಯಾದಿ, ಅಪ್ಪನಿಗೆ ಪರಿಚಯ ಮಾಡಿಕೊಡಬೇಕಿಲ್ಲ.

ಸೋಷಿಯಲ್ ಸೆಕ್ಯೂರಿಟಿ ನಂಬರ್ ಇಲ್ಲದವರು ಅರ್ಜಿಯಲ್ಲಿ ಆ ಕಾಲಂ ಕಂಡು ಗಾಬರಿಯಾಗುತ್ತಾರೆ. ಮೀನು ಹಿಡಿಯುವುದಕ್ಕೆ ಅದೇಕೆ ಎಂದರೆ, ಮಕ್ಕಳ ಜೀವನಾಂಶ ಬಾಕಿ ಇಟ್ಟವರನ್ನು ಪತ್ತೆಹಚ್ಚಲು ಹವ್ಯಾಸಿ ಲೈಸೆನ್ಸ್ ಅರ್ಜಿಗಳಲ್ಲೂ ಆ ನಂಬರ್ ಕೇಳಬೇಕೆಂದು 1990ರ ದಶಕದ ಕೇಂದ್ರ ಕಾನೂನು ರಾಜ್ಯಗಳಿಗೆ ವಿಧಿಸಿತು. ನಂಬರೇ ಇಲ್ಲದವರು ಇಲ್ಲ ಎಂದು ಘೋಷಿಸಿ ಪಾಸ್‌ಪೋರ್ಟ್ ತೋರಿಸಿ ಪಡೆಯಬಹುದು. ಆನ್‌ಲೈನ್‌ನಲ್ಲಿ ಅರ್ಜಿ ಅಲ್ಲಿಗೇ ನಿಂತರೆ ವಾಲ್‌ಮಾರ್ಟ್‌ನ ಕ್ರೀಡಾ ಕೌಂಟರ್ ಅಥವಾ ಎರೆ ಮಾರುವ ಅಂಗಡಿಗೆ ಹೋಗಿ, ಎದುರಿಗೆ ನಿಂತರೆ ಕೆಲಸ ಬೇಗ. ಯಾರದೋ ನಂಬರ್ ತುಂಬಿ ಮುಂದೆ ಹೋಗುವ ಜಾಣತನ ಮಾತ್ರ ಬೇಡ.

ಗಡಿಯಲ್ಲಿರುವ ನೀರು

ಕೆಲವು ಕಡೆ ರಾಜ್ಯಗಳು ಉದಾರವಾಗಿವೆ. ಲೇಕ್ ತಾಹೋದಲ್ಲಿ ಕ್ಯಾಲಿಫೋರ್ನಿಯಾದ್ದಾದರೂ ಆದೀತು, ನೆವಾಡಾದ್ದಾದರೂ ಆದೀತು. ನ್ಯೂಜೆರ್ಸಿ, ಪೆನ್ಸಿಲ್ವೇನಿಯಾ ನಡುವೆ ಹರಿಯುವ ಡೆಲವೇರ್ ನದಿಗೂ ಇದೇ ರೀತಿ. ಟೆಕ್ಸಾಸ್, ಒಕ್ಲಹೋಮಾ ಹಂಚಿಕೊಂಡ ಲೇಕ್ ಟೆಕ್ಸೋಮಾದಲ್ಲಿ ಮಾತ್ರ ಗೆರೆ ಇದೆ. ಟೆಕ್ಸಾಸ್ ಲೈಸೆನ್ಸ್ ಟೆಕ್ಸಾಸ್ ಪಾಲಿನ ನೀರಿಗಷ್ಟೇ. ಪೂರ್ತಿ ಕೆರೆಗೆ ಬೇಕೆಂದರೆ 12 ಡಾಲರ್‌ನ ಪ್ರತ್ಯೇಕ ಟೆಕ್ಸೋಮಾ ಲೈಸೆನ್ಸ್ ಇದೆ. ಆ ಕೆರೆಗೆ ಬಿಟ್ಟು ಬೇರೆಲ್ಲೂ ಹೋಗದವರಿಗೆ ಅದೊಂದೇ ಸಾಕು. ಒಳ್ಳೆಯ ವ್ಯಾಪಾರ, ಆದರೆ ಕೌಂಟರಿನವರು ತಾವಾಗಿ ಹೇಳುವುದಿಲ್ಲ, ನೀವೇ ಕೇಳಬೇಕು.

ನ್ಯಾಷನಲ್ ಪಾರ್ಕುಗಳು ಇನ್ನೊಂದು ಗೋಜಲು. ಯೊಸೆಮಿಟಿಯಲ್ಲಿ ಕ್ಯಾಲಿಫೋರ್ನಿಯಾ ಲೈಸೆನ್ಸೇ ಬೇಕು. ಗ್ರ್ಯಾಂಡ್ ಟೀಟನ್‌ಗೆ ವಯೋಮಿಂಗ್‌ನದು. ಅಲ್ಲಿಂದ ಕಾರಿನಲ್ಲಿ ಸ್ವಲ್ಪ ಉತ್ತರಕ್ಕೆ ಯೆಲ್ಲೋಸ್ಟೋನ್ ಒಳಗೆ ಹೋದಿರೋ, ಯಾವ ರಾಜ್ಯದ ಕಾಗದವೂ ನಡೆಯದು. ಪಾರ್ಕಿನದೇ ಪರ್ಮಿಟ್ ಬೇಕು: ಮೂರು ದಿನಕ್ಕೆ 40 ಡಾಲರ್, ಏಳು ದಿನಕ್ಕೆ 55, ಸೀಸನ್‌ಗೆ 75. ಅಲ್ಲಿ ಸೀಸದ ಭಾರ ನಿಷಿದ್ಧ, ಗಾಳದ ಕೊಕ್ಕೆಗೆ ಮುಳ್ಳಿರಬಾರದು. ಇರುವ ಕೊಕ್ಕೆಯ ಮುಳ್ಳನ್ನು ಇಕ್ಕಳದಿಂದ ಒತ್ತಿ ಮಡಚಿದರೆ ಆಯಿತು. ಬುಡಕಟ್ಟು ಜನರ ಮೀಸಲು ಪ್ರದೇಶದ ನೀರಿಗೆ ಆಯಾ ಬುಡಕಟ್ಟಿನ ಪರ್ಮಿಟ್ ಬೇರೆಯೇ.

ಲೈಸೆನ್ಸ್ ಮೇಲೊಂದು ಚೀಟಿ

ಲೈಸೆನ್ಸ್ ಎಂಬುದು ಕೋಲು ಹಿಡಿಯುವ ಅನುಮತಿ. ಯಾವ ಮೀನು, ಯಾವ ನೀರು, ಎಷ್ಟು ಕೋಲು ಎನ್ನುವುದಕ್ಕೆ ಅದರ ಮೇಲೆ ಸಣ್ಣಪುಟ್ಟ ಚೀಟಿಗಳಿವೆ. ಹೊಸಬರು ಒಂದೋ ಎಲ್ಲವನ್ನೂ ಕೊಂಡು ದುಡ್ಡು ಕಳೆದುಕೊಳ್ಳುತ್ತಾರೆ, ಇಲ್ಲವೇ ಬೇಕಾದ ಒಂದನ್ನೇ ಬಿಡುತ್ತಾರೆ.

ಕ್ಯಾಲಿಫೋರ್ನಿಯಾದ ‘ಓಷನ್ ಎನ್‌ಹಾನ್ಸ್‌ಮೆಂಟ್’ ಚೀಟಿ ಪಾಯಿಂಟ್ ಅರ್ಗೆಯೊ ಎಂಬ ಭೂಶಿರದಿಂದ ದಕ್ಷಿಣದ ಸಮುದ್ರಕ್ಕೆ ಮಾತ್ರ ಬೇಕು. ಸ್ಯಾನ್ ಫ್ರಾನ್ಸಿಸ್ಕೊ ಸುತ್ತಲಿನ ಬೇ ಏರಿಯಾದಲ್ಲೇ ಇರುವವರಿಗೆ ಅದು ಬೇಡ. ಲಾಸ್ ಏಂಜಲೀಸ್, ಸ್ಯಾನ್ ಡಿಯೆಗೊ ಕಡೆಯವರಿಗೆ ಬೇಕು. ಒಂದು ಅಥವಾ ಎರಡು ದಿನದ ಲೈಸೆನ್ಸ್ ಇದ್ದರೆ ಅಲ್ಲೂ ಬೇಡ. ಎರಡನೇ ಕೋಲಿನ ಚೀಟಿ ಒಳನಾಡಿನ ನೀರಿಗೆ ಸಂಬಂಧಿಸಿದ್ದು. ಏಡಿಗೆ ಟ್ರ್ಯಾಪ್ ಹಾಕುವವರಿಗೆ 2021ರ ನವೆಂಬರ್‌ನಿಂದ ಪ್ರತ್ಯೇಕ ಚೀಟಿ ಬಂದಿದೆ. ಸ್ಟೀಲ್‌ಹೆಡ್ ಎಂಬ ಮೀನಿಗೆ, ಹಿಡಿದದ್ದನ್ನು ಬರೆದು ಒಪ್ಪಿಸುವ ರಿಪೋರ್ಟ್ ಕಾರ್ಡ್ ಕಡ್ಡಾಯ, ಲೈಸೆನ್ಸ್ ಬೇಕಿಲ್ಲದ ಮಕ್ಕಳಿಗೂ ಕಡ್ಡಾಯ. ಆನ್‌ಲೈನ್‌ನಲ್ಲಿ ಕೊಂಡರೆ ಲೈಸೆನ್ಸ್ ಕೂಡಲೇ ಪ್ರಿಂಟ್ ಆಗುತ್ತದೆ, ಕಾರ್ಡ್ ಮಾತ್ರ ಅಂಚೆಯಲ್ಲಿ ಬರುತ್ತದೆ. ಶುಕ್ರವಾರ ರಾತ್ರಿ ಕೊಂಡು ಶನಿವಾರ ಹೊರಡುವವರು ಅಂಗಡಿಯಲ್ಲೇ ಕೊಳ್ಳಬೇಕು.

ನ್ಯೂಜೆರ್ಸಿಯಲ್ಲಿ ಟ್ರೌಟ್ ಮೀನನ್ನು ಮನೆಗೊಯ್ಯಲು ಟ್ರೌಟ್ ಸ್ಟ್ಯಾಂಪ್ ಬೇಕು, ನಿವಾಸಿಗೆ 10.50, ಹೊರಗಿನವರಿಗೆ 20. ಎರಡು ದಿನಕ್ಕೆ 9 ಡಾಲರ್ ಅಗ್ಗ ಎಂದು ಬಂದ ಅತಿಥಿಗೆ ಟ್ರೌಟ್ ಬೇಕೆನಿಸಿದರೆ ಅಲ್ಲಿಗೆ ಅಗ್ಗ ಮುಗಿಯಿತು.

ಚೀಟಿ ಇದ್ದ ಮಾತ್ರಕ್ಕೆ ಮೀನು ಇದೆ ಎಂದೂ ಅಲ್ಲ. ಕ್ಯಾಲಿಫೋರ್ನಿಯಾದ ಸಮುದ್ರದಲ್ಲಿ ಸಾಲ್ಮನ್ ಹಿಡಿಯುವುದನ್ನು 2023, 2024 ಎರಡೂ ವರ್ಷ ಪೂರ್ತಿ ಮುಚ್ಚಿದ್ದರು. ಸಾಲ್ಮನ್‌ಗಾಗಿಯೇ ವರ್ಷದ ಲೈಸೆನ್ಸ್ ಕೊಳ್ಳುವವರು ಮೊದಲು ಸೀಸನ್ ಪ್ರಕಟಣೆ ನೋಡಬೇಕು.

ಏಡಿ: ಒಂದೇ ಪ್ರಾಣಿ, ಮೂರು ಕಾಯಿದೆ

ರಾಜ್ಯ ಬದಲಾದರೆ ಎಷ್ಟು ಬದಲಾಗುತ್ತದೆ ಎಂಬುದಕ್ಕೆ ಅಮೆರಿಕದ ಪಶ್ಚಿಮ ಕರಾವಳಿಯ ಡಂಜನೆಸ್ ಏಡಿಗಿಂತ ಒಳ್ಳೆಯ ಉದಾಹರಣೆ ಇಲ್ಲ. ಕ್ಯಾಲಿಫೋರ್ನಿಯಾದಲ್ಲಿ ಚಿಪ್ಪಿನ ಅಗಲ ಕನಿಷ್ಠ 5¾ ಇಂಚು, ದಿನಕ್ಕೆ 10, ಗಂಡು ಹೆಣ್ಣು ಎಂಬ ಭೇದವಿಲ್ಲ. ಆರೆಗಾನ್‌ನಲ್ಲಿ ಅದೇ 5¾ ಇಂಚು, 12 ಏಡಿ, ಆದರೆ ಗಂಡು ಮಾತ್ರ. ವಾಷಿಂಗ್ಟನ್‌ನಲ್ಲಿ, ಸಿಯಾಟಲ್ ಪಕ್ಕದ ಪ್ಯೂಜೆಟ್ ಸೌಂಡ್ ಎಂಬ ಒಳಸಮುದ್ರದಲ್ಲಿ 6¼ ಇಂಚು, 5 ಏಡಿ, ಗಂಡು ಮಾತ್ರ, ಅದೂ ಚಿಪ್ಪು ಗಟ್ಟಿಯಾಗಿರಬೇಕು. ಹೊಟ್ಟೆಯಡಿಯ ಮುಚ್ಚಳ ಕಿರಿದಾಗಿದ್ದರೆ ಗಂಡು, ಅಗಲವಾಗಿದ್ದರೆ ಹೆಣ್ಣು. ನಮ್ಮ ಕರಾವಳಿಯವರಿಗೆ ಇದನ್ನು ಹೇಳಿಕೊಡಬೇಕಿಲ್ಲ. ಆದರೆ ಅಳತೆಯಲ್ಲಿ ಅವರೂ ತಪ್ಪುತ್ತಾರೆ: ಚಿಪ್ಪಿನ ಎರಡೂ ತುದಿಯ ಚೂಪು ಮುಳ್ಳುಗಳನ್ನು ಸೇರಿಸಿ ಅಳೆಯುವಂತಿಲ್ಲ, ಆ ಮುಳ್ಳುಗಳ ಮುಂದೆ, ಒಳಗಿನ ಅಂಚಿನಿಂದ ಅಂಚಿಗೆ ಅಳೆಯಬೇಕು. ಸ್ಕೇಲ್ ಇಟ್ಟು ಅಂದಾಜು ಮಾಡುವ ಬದಲು ಎರೆ ಅಂಗಡಿಯಲ್ಲಿ ಸಿಗುವ ಪ್ಲಾಸ್ಟಿಕ್ ಅಳತೆಗೋಲು ಕೊಳ್ಳಿ. ಅದು ಏಡಿಯ ಬೆನ್ನ ಮೇಲೆ ಸಲೀಸಾಗಿ ಕೂತರೆ ಏಡಿ ಚಿಕ್ಕದು, ವಾಪಸ್ ನೀರಿಗೆ.

ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿಯೊಳಗೆ, ಅಂದರೆ ಗೋಲ್ಡನ್ ಗೇಟ್ ಸೇತುವೆಯ ಒಳಭಾಗದಲ್ಲಿ, ಡಂಜನೆಸ್ ಹಿಡಿಯುವಂತೆಯೇ ಇಲ್ಲ. ಅಲ್ಲಿ ಬಂಡೆ ಏಡಿ ಹಿಡಿಯಬಹುದು, ಕನಿಷ್ಠ 4 ಇಂಚು, ದಿನಕ್ಕೆ 35. ಎರಡೂ ಒಂದೇ ಬಲೆಗೆ ಬೀಳುತ್ತವೆ. ಗುರುತು ಕೊಂಬಿನ ತುದಿಯಲ್ಲಿದೆ: ಡಂಜನೆಸ್‌ದು ಬಿಳಿ, ಬಂಡೆ ಏಡಿಯದು ಕಪ್ಪು. ಬಕೆಟ್‌ಗೆ ಹಾಕುವ ಮುಂಚೆ ನೋಡಿ, ಬಕೆಟ್ ತುಂಬಿದ ಮೇಲೆ ನೋಡುವವನು ವಾರ್ಡನ್.

ವಾಷಿಂಗ್ಟನ್‌ನಲ್ಲಿ ಇನ್ನೊಂದು ಕಾಗದದ ಕೆಲಸವಿದೆ. ಪ್ಯೂಜೆಟ್ ಸೌಂಡ್‌ನಲ್ಲಿ ಇಟ್ಟುಕೊಂಡ ಪ್ರತಿ ಡಂಜನೆಸ್ಸನ್ನೂ ಆ ಕ್ಷಣವೇ ಕ್ಯಾಚ್ ರೆಕಾರ್ಡ್ ಕಾರ್ಡ್‌ನಲ್ಲಿ ಪೆನ್ನಿನಿಂದ ಬರೆಯಬೇಕು. ಮನೆಗೆ ಹೋಗಿ ಬರೆದರೆ ಆಗದು. ಬೇಸಿಗೆಯ ಕಾರ್ಡನ್ನು ಅಕ್ಟೋಬರ್ 1ರೊಳಗೆ, ಚಳಿಗಾಲದ್ದನ್ನು ಫೆಬ್ರವರಿ 1ರೊಳಗೆ ಒಪ್ಪಿಸಬೇಕು. ಒಂದೂ ಏಡಿ ಸಿಗದಿದ್ದರೂ ಸೊನ್ನೆ ಎಂದು ತಿಳಿಸಬೇಕು. ತಪ್ಪಿದರೆ ಮುಂದಿನ ಲೈಸೆನ್ಸ್ ಜೊತೆ 10 ಡಾಲರ್ ದಂಡ ಸೇರಿಕೊಂಡು ಬರುತ್ತದೆ.

ಮಲೆನಾಡಿನ ಮುಂಗಾರಿನಲ್ಲಿ ಗದ್ದೆಯ ಬದುವಿಗೆ ಕೂಣಿ (ಮೀನು ಹಿಡಿಯುವ ಬುಟ್ಟಿ) ಇಟ್ಟು, ನೀರಿಗೆದುರಾಗಿ ಹತ್ತಿ ಬರುವ ಹತ್ತುಮೀನು ಹಿಡಿದು ಬೆಳೆದವರಿಗೆ ಇದೆಲ್ಲ ಅತಿ ಎನಿಸಬಹುದು. ಅಂಥವರಿಗೆ ಒಂದು ಎಚ್ಚರಿಕೆ: ಲೈಸೆನ್ಸ್ ಇದ್ದರೂ ಬಾಸ್, ಟ್ರೌಟ್‌ನಂಥ ಗೇಮ್ ಫಿಶ್‌ಗಳನ್ನು ಬೀಸುಬಲೆ, ಕೂಣಿ, ಬರಿಗೈಯಲ್ಲಿ ಹಿಡಿಯುವುದು ಸಾಮಾನ್ಯವಾಗಿ ನಿಷಿದ್ಧ. ಅವಕ್ಕೆ ಗಾಳವೊಂದೇ ದಾರಿ. ಜೀವಂತ ಮೀನನ್ನು ಒಂದು ಕೆರೆಯಿಂದ ಇನ್ನೊಂದಕ್ಕೆ ಸಾಗಿಸುವುದೂ ಬೇಡ.

ಕೊಳ್ಳುವಾಗ

ರಾಜ್ಯದ ಹೆಸರು ಮತ್ತು ಫಿಶಿಂಗ್ ಲೈಸೆನ್ಸ್ ಎಂದು ಹುಡುಕಿದರೆ ಮೊದಲು ಕಾಣುವುದು ಬಹಳ ಸಲ ಜಾಹೀರಾತು. ಸರ್ಕಾರಿ ಪುಟದಂತೆಯೇ ಬಣ್ಣ, ಲಾಂಛನ. ದುಡ್ಡು ಕಟ್ಟಿದ ಮೇಲೆ ಕೈಗೆ ಬರುವುದು ‘ಮಾರ್ಗದರ್ಶಿ’ಯ ಒಂದು ಪಿಡಿಎಫ್. ಡಾಟ್ ಗವ್ ಎಂದು ಮುಗಿಯುವ ಇಲಾಖೆಯ ಪುಟಕ್ಕೆ ಮೊದಲು ಹೋಗಿ, ಅಲ್ಲಿನ ಕೊಂಡಿ ಒತ್ತಿಯೇ ಮಾರಾಟದ ಪುಟಕ್ಕೆ ಹೋಗಿ. ಫ್ಲೋರಿಡಾದಂಥ ಕೆಲವು ರಾಜ್ಯಗಳ ನಿಜವಾದ ಮಾರಾಟದ ಪುಟ ಡಾಟ್ ಕಾಮ್‌ನಲ್ಲೇ ಇದೆ, ಹಾಗಾಗಿ ವಿಳಾಸ ನೋಡಿ ನಿರ್ಧರಿಸುವುದಕ್ಕಿಂತ ಇಲಾಖೆಯಿಂದ ಹೊರಡುವ ದಾರಿ ಹಿಡಿಯುವುದು ಕ್ಷೇಮ.

ಮೊದಲ ಸಲ ಕೊಂಡಾಗ ನಿಮಗೊಂದು ಗ್ರಾಹಕ ಸಂಖ್ಯೆ ಸಿಗುತ್ತದೆ. ಕ್ಯಾಲಿಫೋರ್ನಿಯಾದಲ್ಲಿ ಅದನ್ನು ಗೋ ಐಡಿ ಎನ್ನುತ್ತಾರೆ, ವಾಷಿಂಗ್ಟನ್‌ನಲ್ಲಿ ವೈಲ್ಡ್ ಐಡಿ. ಆಯಾ ರಾಜ್ಯದಲ್ಲಿ ಮುಂದಿನ ಲೈಸೆನ್ಸ್‌ಗಳಿಗೂ ಅದೇ ಸಂಖ್ಯೆ, ಜೋಪಾನ. ಮರೆತು ಇನ್ನೊಂದು ಖಾತೆ ತೆರೆದರೆ ರಿಪೋರ್ಟ್ ಕಾರ್ಡ್ ಒಂದು ಕಡೆ, ಲೈಸೆನ್ಸ್ ಇನ್ನೊಂದು ಕಡೆ ಆಗುತ್ತದೆ. ಹೆಸರು ಗುರುತಿನ ಚೀಟಿಯಲ್ಲಿ ಇರುವ ಹಾಗೇ ಇರಲಿ. ಪಾಸ್‌ಪೋರ್ಟ್‌ನಲ್ಲಿ ಒಂದೇ ಹೆಸರಿದ್ದು ಅಮೆರಿಕದ ದಾಖಲೆಯಲ್ಲಿ ಎಫ್‌ಎನ್‌ಯು (ಫಸ್ಟ್ ನೇಮ್ ಅನ್‌ನೋನ್) ಎಂದು ಅಂಟಿಕೊಂಡಿರುವವರು ಇಲ್ಲೂ ಅದನ್ನೇ ತುಂಬಿ, ಇನಿಷಿಯಲ್ ಬಿಡಿಸಿ ಹೊಸ ಹೆಸರು ಕಟ್ಟಬೇಡಿ.

ದಿನದ ಚೀಟಿ ಕೊಳ್ಳುವಾಗ ಕೇಳುವ ತಾರೀಖು ನೀವು ಮೀನು ಹಿಡಿಯುವ ದಿನದ್ದು, ದುಡ್ಡು ಕಟ್ಟುವ ದಿನದ್ದಲ್ಲ. ಆತುರದಲ್ಲಿ ಇವತ್ತಿನ ತಾರೀಖು ಒತ್ತಿದರೆ ನಾಳೆಗೆ ಅದು ಬರೀ ಕಾಗದ. ಲೈಸೆನ್ಸನ್ನು ಮೊಬೈಲ್‌ನಲ್ಲಿ ತೋರಿಸಲು ಈಗ ಹಲವು ರಾಜ್ಯಗಳು ಬಿಡುತ್ತವೆ, ಆದರೂ ಪ್ರಿಂಟ್ ತೆಗೆದು ಜಿಪ್‌ಲಾಕ್ ಚೀಲಕ್ಕೆ ಹಾಕಿಕೊಳ್ಳಿ. ಒಳ್ಳೆಯ ಮೀನಿರುವ ಜಾಗದಲ್ಲಿ ಸಿಗ್ನಲ್ ಇರುವುದಿಲ್ಲ. ಅಧಿಕಾರಿ ಕೇಳಿದಾಗ ಲೈಸೆನ್ಸ್ ಜೊತೆ ಕೂಲರ್ ಪೆಟ್ಟಿಗೆಯನ್ನೂ ತೆರೆದು ತೋರಿಸಬೇಕು. ಗಂಡ ಹೆಂಡತಿ ಒಂದೇ ಲೈಸೆನ್ಸ್‌ನಲ್ಲಿ ಸರದಿ ಮೇಲೆ ಹಿಡಿಯುವಂತಿಲ್ಲ, ಅದು ಒಬ್ಬರ ಹೆಸರಿಗಷ್ಟೇ.

ಗಾಳ ಹಿಡಿದೇ ಗೊತ್ತಿಲ್ಲದವರು ದುಡ್ಡು ಹಾಕುವ ಮುನ್ನ ಉಚಿತ ದಿನಗಳಲ್ಲಿ ರುಚಿ ನೋಡಬಹುದು. ಟೆಕ್ಸಾಸ್‌ನಲ್ಲಿ ಜೂನ್‌ನ ಮೊದಲ ಶನಿವಾರ, ವಾಷಿಂಗ್ಟನ್‌ನಲ್ಲಿ ಜೂನ್ ಆರಂಭದ ಒಂದು ವಾರಾಂತ್ಯ, ಕ್ಯಾಲಿಫೋರ್ನಿಯಾದಲ್ಲಿ ವರ್ಷಕ್ಕೆ ಎರಡು ಶನಿವಾರ, ಸಾಮಾನ್ಯವಾಗಿ ಜುಲೈ 4 ಮತ್ತು ಲೇಬರ್ ಡೇ (ಸೆಪ್ಟೆಂಬರ್‌ನ ಮೊದಲ ಸೋಮವಾರ) ಆಸುಪಾಸಿಗೆ. ಅಂದು ಲೈಸೆನ್ಸ್ ಮಾತ್ರ ಮಾಫಿ. ಏಡಿಯ ಅಳತೆಯೂ ಸ್ಟೀಲ್‌ಹೆಡ್‌ನ ಕಾರ್ಡೂ ಅಂದಿಗೂ ಹಾಗೇ ಇರುತ್ತವೆ, ವಾರ್ಡನ್ ಕೂಡ ರಜೆಯಲ್ಲಿರುವುದಿಲ್ಲ.